ಕಲ್ಪಿತ ಲೋಕವೊಂದರ ರೋಗಶಮನದ ಹಾಡು: ಅದು ಬರಿಯ ಪ್ರಾರ್ಥನೆಯಾಗದಿರಲು ಏನು ಮಾಡಬೇಕು?

ಮಸಿಕುಡಿಕೆ:

ನಮಸ್ಕಾರ. ನಾನು ಬರೆಯುತ್ತಿರುವ ಕಾದಂಬರಿ ಪೂರ್ತಿಯಾಗಿ ಕಲ್ಪಿತ ಲೋಕವೊಂದರಲ್ಲಿ ನಡೆಯುತ್ತದೆ. ಆ ಲೋಕದ ನಡುವೆ ಇಮ್ಮೊಗೆ ಎಂಬ ಹೊಳೆಯಿದೆ. ವರ್ಷದ ಅರ್ಧಭಾಗ ಅದು ಬೆಟ್ಟದಿಂದ ಕಡಲಿನತ್ತ ಹರಿಯುತ್ತದೆ, ಉಳಿದ ಅರ್ಧಭಾಗ ಕಡಲಿನಿಂದ ಬೆಟ್ಟದತ್ತ ಮರಳುತ್ತದೆ. ಕಾಂಬೋಡಿಯದ ತೋನ್ಲೆ ಸಾಪ್ ನದಿಯು ಮಳೆಗಾಲದಲ್ಲಿ ಮೆಕಾಂಗ್ ಉಕ್ಕಿದಾಗ ಹಿಮ್ಮುಖವಾಗಿ ಹರಿದು ಸರೋವರವನ್ನು ತುಂಬಿಸುತ್ತದೆ ಎಂಬ ಸಂಗತಿಯಿಂದ ಈ ಕಲ್ಪನೆ ಮೊಳೆಯಿತು. ಮೊದಲ ಹರಿವನ್ನು ಅಲ್ಲಿನ ಜನ ಇಳಿನೀರು ಎನ್ನುತ್ತಾರೆ, ಎರಡನೆಯದನ್ನು ಏರುನೀರು ಎನ್ನುತ್ತಾರೆ. ಇವೆರಡರ ನಡುವೆ ಹೊಳೆ ಯಾವ ಕಡೆಗೂ ಹರಿಯದೆ ನಿಂತುಬಿಡುವ ಕೆಲವು ದಿನಗಳಿಗೆ ನಡುನೀರು ಎಂದು ಹೆಸರು.

ನಡುನೀರಿನ ದಿನಗಳಲ್ಲಿ ಕೆಲವರಿಗೆ ನಿಲುಬೇನೆ ಎಂಬ ರೋಗ ತಗಲುತ್ತದೆ. ಜ್ವರವಾಗಲಿ ನೋವಾಗಲಿ ಇರುವುದಿಲ್ಲ. ಕಾಲು ಎತ್ತಿದ ಕಡೆಯೇ ನಿಲ್ಲುತ್ತದೆ, ಮಾತು ನಾಲಗೆಯ ತುದಿಯಲ್ಲಿಯೇ ಉಳಿಯುತ್ತದೆ. ರೋಗಿಯನ್ನು ಹೊಳೆಯ ಅಂಚಿಗೆ ಹೊತ್ತು ತರುತ್ತಾರೆ, ಕರೆಗಾರ್ತಿ ಎಂಬ ಹಾಡುಗಾರ್ತಿ ರಾತ್ರಿಯಿಡೀ ಹಾಡುತ್ತಾಳೆ, ನೀರು ತಿರುಗುವ ಗಳಿಗೆಯಲ್ಲಿ ರೋಗಿ ಏಳಬೇಕು. ಕಾದಂಬರಿಯ ಅತ್ಯಂತ ಮುಖ್ಯವಾದ ಪ್ರಕರಣವಿದು. ನಾಯಕಿ ತನ್ನ ತಂಗಿಗಾಗಿ ಮೊದಲ ಬಾರಿ ಆ ಹಾಡನ್ನು ಹಾಡುತ್ತಾಳೆ. ಈಗ ಇರುವ ಕರಡು ಹೀಗಿದೆ:

ಓ ತಾಯೆ ಇಮ್ಮೊಗೆಯೆ, ಕರುಣೆಯ ಕಡಲೆ,
ಬೇಡಿ ಬಂದಿರುವೆವು ನಿನ್ನ ಪದತಲಕೆ;
ಕತ್ತಲೆಯ ಕಳೆದು ಬೆಳಕನ್ನು ನೀಡು,
ನೊಂದ ಜೀವಕೆ ನಿನ್ನ ಅಭಯವನು ತೋರು.

ಹಸ್ತಪ್ರತಿಯನ್ನು ಓದಿದ ಇಬ್ಬರು ಗೆಳತಿಯರು ಒಂದೇ ಮಾತನ್ನು ಹೇಳಿದರು: ಇದು ಯಾವ ಲೋಕದ ಯಾವ ದೇವರ ಮುಂದೆಯೂ ಹಾಡಬಹುದಾದ ಸ್ತುತಿ, ಇಮ್ಮೊಗೆಯ ದಂಡೆಯಲ್ಲಿಯೇ ಹುಟ್ಟಿದ ಹಾಡಲ್ಲ. ಅವರ ಮಾತು ಮನಸ್ಸಿಗೆ ನಾಟಿದೆ. ಇಂತಹ ಹಾಡಿಗೆ ಅದರ ಲೋಕದ ಬೇರು ಬರುವುದು ಹೇಗೆ? ಅರ್ಥವಾಗದ ಸ್ವಂತ ಭಾಷೆಯೊಂದನ್ನು ಕಟ್ಟಬೇಕೆ? ಹಾಡು ಎಷ್ಟು ಉದ್ದವಿರಬೇಕು? ಇಂತಹ ಹಾಡುಗಳನ್ನು ಬಲ್ಲವರು ದಯವಿಟ್ಟು ವಿವರವಾಗಿ ತಿಳಿಸಬೇಕೆಂದು ಕೋರುತ್ತೇನೆ.

ಹಳೆಯೋಲೆ:

ನಿಮ್ಮ ಲೋಕದ ವಿವರಗಳು ಹಾಡಿಗಿಂತ ಎಷ್ಟೋ ಮುಂದಿವೆ, ಮತ್ತು ಉತ್ತರ ಆ ವಿವರಗಳಲ್ಲಿಯೇ ಇದೆ ಎಂದು ನನಗೆ ಅನ್ನಿಸುತ್ತದೆ. ನಿಂತ ಕಾಲು, ನಿಂತ ನಾಲಗೆ, ನಿಂತ ಹೊಳೆ ಇವು ಮೂರೂ ನಿಮ್ಮ ಗದ್ಯದಲ್ಲಿವೆ. ಹಾಡಿನಲ್ಲಿ ಕಾಲು ಎಲ್ಲಿದೆ? ನಾಲಗೆ ಎಲ್ಲಿದೆ? ಅಲ್ಲಿರುವುದು ಕತ್ತಲೆ, ಬೆಳಕು, ಅಭಯ. ಇವು ಯಾವ ರೋಗಕ್ಕೂ ಸಂಬಂಧಿಸಿದವಲ್ಲ, ಆದ್ದರಿಂದ ನಿಲುಬೇನೆಗೂ ತಾಗುವುದಿಲ್ಲ.

ಜಗತ್ತಿನ ಹಳೆಯ ರೋಗಶಮನದ ಹಾಡುಗಳನ್ನು ಓದಿದರೆ ಎದ್ದು ಕಾಣುವುದು ಅವುಗಳ ನಿಖರತೆ. ಅಥರ್ವವೇದದ ಶೌನಕ ಶಾಖೆಯ ನಾಲ್ಕನೆಯ ಕಾಂಡದ 12ನೆಯ ಸೂಕ್ತ ಮುರಿದ ಮೂಳೆಗೆ ಸಂಬಂಧಿಸಿದ್ದು. ಅದು ರೋಹಣಿ ಎಂಬ ಸಸ್ಯವನ್ನು ನೇರವಾಗಿ ಕರೆದು, ಮಜ್ಜೆ ಮಜ್ಜೆಯೊಡನೆ ಕೂಡಲಿ, ಗೆಣ್ಣು ಗೆಣ್ಣಿನೊಡನೆ ಕೂಡಲಿ, ಚರ್ಮ ಚರ್ಮದೊಡನೆ ಬೆಳೆಯಲಿ ಎಂದು ದೇಹದ ಒಂದೊಂದು ಪದರವನ್ನೂ ಹೆಸರಿಸುತ್ತ ಹೋಗುತ್ತದೆ. ಬಳಿಕ ರೋಗಿಯ ಕಡೆಗೆ ತಿರುಗಿ, ಒಳ್ಳೆಯ ಗಾಲಿಯುಳ್ಳ ರಥದಂತೆ ಏಳು, ಹೊರಡು, ಓಡು ಎನ್ನುತ್ತದೆ. ಗಾಯ ಹೇಗಾಯಿತು ಎಂಬುದನ್ನೂ ಅದು ಬಿಡುವುದಿಲ್ಲ: ಗುಂಡಿಗೆ ಬಿದ್ದು ಮುರಿದಿದ್ದರೂ ಸರಿ, ಎಸೆದ ಕಲ್ಲು ತಗಲಿ ಮುರಿದಿದ್ದರೂ ಸರಿ, ಬಡಗಿ ರಥದ ಭಾಗಗಳನ್ನು ಜೋಡಿಸುವಂತೆ ಜೋಡಿಸಲಿ ಎಂಬುದು ಅದರ ಕೊನೆ. ಜರ್ಮನಿಯ ಮೆರ್ಸೆಬುರ್ಗ್‌ನಲ್ಲಿ 1841ರಲ್ಲಿ ಗೇಯೋರ್ಗ್ ವೈಟ್ಸ್ ಅವರಿಗೆ ದೊರೆತ ಹತ್ತನೆಯ ಶತಮಾನದ ಹಸ್ತಪ್ರತಿಯಲ್ಲಿಯೂ ಇಂತಹ ಮಂತ್ರವೊಂದಿದೆ. ಕುದುರೆಮರಿಯ ಕಾಲು ಉಳುಕಿದಾಗ ದೇವತೆಗಳು ಒಬ್ಬರಾದ ಮೇಲೆ ಒಬ್ಬರು ಹಾಡುತ್ತಾರೆ. ಮೂಳೆಗೆ ಮೂಳೆ, ರಕ್ತಕ್ಕೆ ರಕ್ತ, ಅಂಗಕ್ಕೆ ಅಂಗ ಅಂಟಿಸಿದಂತೆ ಸೇರಲಿ ಎಂಬುದು ಅಲ್ಲಿನ ಮಾತು. ಇಷ್ಟು ದೂರದ ಎರಡು ಹಾಡುಗಳಿಗೆ ಒಂದೇ ಬಗೆಯ ಸಾಲು ಏಕೆ ಬಂದಿತು ಎಂಬುದರ ಬಗ್ಗೆ ವಿದ್ವಾಂಸರು ಬಹಳ ಹಿಂದಿನಿಂದಲೂ ಚರ್ಚಿಸುತ್ತ ಬಂದಿದ್ದಾರೆ. ನಿಮಗೆ ಬೇಕಾದ ಅಂಶ ಅಷ್ಟೇ: ಮುರಿತವೇ ರೋಗವಾದಾಗ ಹಾಡಿನ ಕ್ರಿಯಾಪದ ‘ಕೂಡು’ ಎಂಬುದಾಗಿರುತ್ತದೆ.

ರೋಗ ಬೇರೆಯಾದರೆ ಕ್ರಿಯಾಪದವೂ ಬೇರೆಯಾಗುತ್ತದೆ. ಕಾಮಾಲೆಗೆ ಸಂಬಂಧಿಸಿದ ಸೂಕ್ತವೊಂದು ಅದೇ ಅಥರ್ವವೇದದ ಮೊದಲನೆಯ ಕಾಂಡದಲ್ಲಿದೆ, 22ನೆಯದು. ಅಲ್ಲಿ ರೋಗವೆಂದರೆ ಬಣ್ಣ. ಆದ್ದರಿಂದ ಆ ಹಳದಿಯನ್ನು ಗಿಳಿಗಳಲ್ಲಿ ಇಡುತ್ತೇವೆ, ಹಳದಿ ಹಕ್ಕಿಗಳಲ್ಲಿ ಇಡುತ್ತೇವೆ, ನಿನ್ನನ್ನು ಕೆಂಪಿನಿಂದ ಸುತ್ತುತ್ತೇವೆ ಎಂದು ಹಾಡು ಬಣ್ಣವನ್ನು ಒಂದು ಕಡೆಯಿಂದ ತೆಗೆದು ಇನ್ನೊಂದು ಕಡೆ ಇಡುತ್ತದೆ. ಐದನೆಯ ಕಾಂಡದ 22ನೆಯ ಸೂಕ್ತದಲ್ಲಿ ತಕ್ಮನ್ ಎಂಬ ಜ್ವರ ಹೊರಗಿನಿಂದ ಬಂದ ಅತಿಥಿಯಂತಿದೆ. ಅದನ್ನು ಗಂಧಾರಿ, ಮೂಜವಂತ, ಅಂಗ, ಮಗಧ ಜನರ ಕಡೆಗೆ ಅಟ್ಟುತ್ತಾರೆ. ಅದೂ ಒಂಟಿಯಾಗಿ ಹೋಗಬೇಕಾಗಿಲ್ಲ, ತಂಗಿಯಾದ ಕೆಮ್ಮನ್ನೂ ಉಳಿದ ಬಂಧುಬಳಗವನ್ನೂ ಕರೆದುಕೊಂಡು ಹೋಗು ಎನ್ನುತ್ತಾರೆ. ರೋಗಕ್ಕೊಂದು ಮನೆತನವಿದೆ ಎಂಬ ಈ ಯೋಚನೆ ನನಗೆ ಬಹಳ ಪ್ರಿಯವಾದದ್ದು.

ಆದ್ದರಿಂದ ಸಾಲುಗಳನ್ನು ಬರೆಯುವ ಮುನ್ನ ನಿಮ್ಮ ಜನರನ್ನು ಒಂದು ಪ್ರಶ್ನೆ ಕೇಳಿ: ಅವರ ದೃಷ್ಟಿಯಲ್ಲಿ ನಿಲುಬೇನೆ ಎಂದರೆ ಏನು? ಅದು ದೇಹದೊಳಗೆ ನುಗ್ಗಿದ ವಸ್ತುವೆ, ದೇಹದಿಂದ ಕಳೆದುಹೋದ ವಸ್ತುವೆ, ಯಾರದೋ ಸಿಟ್ಟೆ, ದಾರಿತಪ್ಪಿ ಬಂದ ಜೀವಿಯೆ? ನುಗ್ಗಿದ್ದಾದರೆ ಹಾಡು ಅದನ್ನು ಹೊರಗೆ ಕರೆಯಬೇಕು, ಕಳೆದದ್ದಾದರೆ ಹುಡುಕಿಕೊಂಡು ಹೋಗಬೇಕು, ಸಿಟ್ಟಾದರೆ ತಣಿಸಬೇಕು. ಇದನ್ನು ನಿರ್ಧರಿಸಿದ ಮೇಲೆ ರೋಗದ ಹುಟ್ಟಿನ ಕಥೆಯನ್ನೂ ಯೋಚಿಸಿ. ಫಿನ್ಲೆಂಡಿನ ಮಂತ್ರಸಂಪ್ರದಾಯದಲ್ಲಿ ಗಾಯ ಮಾಡಿದ ವಸ್ತುವಿನ ಹುಟ್ಟನ್ನು ಹೇಳುವುದೇ ಅದರ ಮೇಲೆ ಅಧಿಕಾರ ಪಡೆಯುವ ದಾರಿ. ಎಲಿಯಾಸ್ ಲ್ಯೋನ್‌ರೋತ್ ಸಂಕಲಿಸಿದ ‘ಕಾಲೆವಾಲಾ’ ಮಹಾಕಾವ್ಯದಲ್ಲಿ ಕೊಡಲಿಯಿಂದ ಮಂಡಿ ಕಡಿದುಕೊಂಡ ನಾಯಕ ವೈನಾಮೊಯಿನೆನ್‌ನ ರಕ್ತವನ್ನು ನಿಲ್ಲಿಸಬೇಕಾದರೆ ಮೊದಲು ಕಬ್ಬಿಣ ಹುಟ್ಟಿದ ಬಗೆಯನ್ನು ಹೇಳಬೇಕಾಗುತ್ತದೆ. ನಿನ್ನ ಹುಟ್ಟನ್ನು ನಾನು ಬಲ್ಲೆ ಎನ್ನುವವಳ ಮುಂದೆ ರೋಗ ಅಪರಿಚಿತವಾಗಿ ಉಳಿಯಲಾರದು. ನಿಮ್ಮ ಕರೆಗಾರ್ತಿ ಬೇಡುವವಳಾಗಿರದೆ ಬಲ್ಲವಳಾಗಿದ್ದರೆ ಹಾಡಿನ ದನಿಯೇ ಬದಲಾಗುತ್ತದೆ.

ಮಾತ್ರೆಗಣ:

ಹಳೆಯೋಲೆಯವರ ಮಾತಿಗೆ ನನ್ನ ಪೂರ್ಣ ಒಪ್ಪಿಗೆಯಿದೆ. ನಾನು ಭಾಷೆ ಮತ್ತು ಲಯದ ಬಗ್ಗೆ ಮಾತ್ರ ಹೇಳುತ್ತೇನೆ.

ಅರ್ಥವಾಗದ ಭಾಷೆಯನ್ನು ಇಡೀ ಹಾಡಿಗೆ ಕಟ್ಟಬೇಡಿ. ಓದುಗರು ಅಂತಹ ಸಾಲುಗಳನ್ನು ಕಣ್ಣಿನಿಂದ ದಾಟಿಬಿಡುತ್ತಾರೆ, ನಿಮ್ಮ ಮುಖ್ಯ ಪ್ರಕರಣವೇ ಅವರ ಪಾಲಿಗೆ ಖಾಲಿಯಾಗುತ್ತದೆ. ಆದರೆ ಅರ್ಥವಿಲ್ಲದ ಕೆಲವು ಅಕ್ಷರಗಳಿಗೆ ಅವುಗಳದೇ ಆದ ಕೆಲಸವಿದೆ ಎಂಬುದನ್ನು ಮರೆಯಬಾರದು. ಸಾಮವೇದದ ಗಾಯನವಾದ ಸಾಮಗಾನದಲ್ಲಿ ಸ್ತೋಭಗಳೆಂಬ ಹಾಉ, ಹೋಇ ಮುಂತಾದ ಧ್ವನಿಗಳು ಋಕ್ಕಿನ ಮಾತುಗಳ ನಡುವೆ ಸೇರಿಕೊಳ್ಳುತ್ತವೆ. ಇನ್ನೊಂದು ಉದಾಹರಣೆ ಎಲ್ಲರೂ ಬಲ್ಲ ‘ಅಬ್ರಕಡಬ್ರ’. ಸೆರೆನಸ್ ಸಮ್ಮೋನಿಕಸ್ ರಚಿಸಿದ ಲ್ಯಾಟಿನ್ ವೈದ್ಯಪದ್ಯದಲ್ಲಿ ಅದು ಜ್ವರದ ಚಿಕಿತ್ಸೆಯಾಗಿ ಬರುತ್ತದೆ: ಪದವನ್ನು ಸಾಲಿನಿಂದ ಸಾಲಿಗೆ ಒಂದೊಂದು ಅಕ್ಷರ ಕಡಿಮೆ ಮಾಡುತ್ತ ಬರೆದು ಕೊರಳಿಗೆ ಕಟ್ಟಬೇಕು. ಪದ ಕರಗಿದಂತೆ ಜ್ವರವೂ ಕರಗಲಿ ಎಂಬ ಆಶಯ ಅಲ್ಲಿ ಬರಹದ ಆಕಾರದಲ್ಲಿಯೇ ಇದೆ. ನಿಮಗೆ ಬೇಕಾಗಿರುವುದು ಅಂತಹ ಆಕಾರ.

ನಿಮ್ಮ ರೋಗ ನಿಲ್ಲುವುದು, ಗುಣವಾಗುವುದೆಂದರೆ ಚಲಿಸುವುದು. ಹಾಗಿದ್ದರೆ ಹಾಡಿನ ಛಂದಸ್ಸೇ ಮೊದಲು ತಡೆತಡೆದು ಸಾಗಿ, ನೀರು ತಿರುಗಿದ ಗಳಿಗೆಯಲ್ಲಿ ಓಡತೊಡಗಲಿ. ಇದಕ್ಕೆ ಬೇಕಾದ ಸಲಕರಣೆ ಕನ್ನಡದ ರಗಳೆಗಳಲ್ಲಿ ಸಿದ್ಧವಾಗಿದೆ. ಲಲಿತರಗಳೆಯ ಐದು ಮಾತ್ರೆಯ ಗಣಕ್ಕೆ ತೂಗುತ್ತ ಸಾಗುವ, ಸ್ವಲ್ಪ ಭಾರವಾದ ನಡೆಯಿದೆ. ಉತ್ಸಾಹರಗಳೆಯ ಮೂರು ಮಾತ್ರೆಯ ಗಣಕ್ಕೆ ಚುರುಕಾದ ನಡೆಯಿದೆ. ನಡುನೀರಿನ ಭಾಗವನ್ನು ಐದರಲ್ಲಿ ಬರೆಯಿರಿ, ಏರುನೀರಿನ ಭಾಗವನ್ನು ಮೂರರಲ್ಲಿ ಬರೆಯಿರಿ. ಸಾಲಿನ ಉದ್ದವೂ ಇದ್ದಕ್ಕಿದ್ದಂತೆ ಕುಗ್ಗುವುದರಿಂದ ಛಂದಸ್ಸಿನ ಹೆಸರು ತಿಳಿಯದ ಓದುಗರ ಉಸಿರೂ ಆ ಬದಲಾವಣೆಯನ್ನು ಗುರುತಿಸುತ್ತದೆ. ಈಗಿನ ಕರಡಿನಲ್ಲಿ ನಾಲ್ಕು ಸಾಲುಗಳೂ ಒಂದೇ ಸಮನಾಗಿ ಜೋಗುಳದಂತೆ ಸಾಗುತ್ತಿವೆ. ನಿಂತ ಕಾಲನ್ನು ಎಬ್ಬಿಸಬೇಕಾದ ಹಾಡಿಗೆ ಅದು ಹೊಂದುವುದಿಲ್ಲ.

ಉದ್ದದ ಬಗ್ಗೆ: ರಾತ್ರಿಯಿಡೀ ಹಾಡುತ್ತಾಳೆ ಎಂದು ಗದ್ಯದಲ್ಲಿ ಹೇಳಿ, ಪುಟದ ಮೇಲೆ ಹದಿನಾಲ್ಕು ಹದಿನೈದು ಸಾಲುಗಳಿಗಿಂತ ಹೆಚ್ಚು ಕೊಡಬೇಡಿ.

ನಡಿಗೆಪಾಠ:

ನಾನು ಫಿಸಿಯೋಥೆರಪಿ ವೃತ್ತಿಯಲ್ಲಿರುವವಳು, ಕಾವ್ಯದ ಬಗ್ಗೆ ಅಧಿಕಾರದಿಂದ ಮಾತನಾಡಲಾರೆ. ಆದರೆ ನಿಲುಬೇನೆಯ ವರ್ಣನೆಯನ್ನು ಓದಿದಾಗ ನಮ್ಮ ವೃತ್ತಿಯವರಿಗೆ ಚಿರಪರಿಚಿತವಾದ ಎರಡು ಸ್ಥಿತಿಗಳು ನೆನಪಾದವು, ಅವುಗಳಿಂದ ನಿಮಗೆ ಉಪಯೋಗವಾಗಬಹುದು.

ಪಾರ್ಕಿನ್ಸನ್ ಕಾಯಿಲೆಯಿರುವ ಕೆಲವರಿಗೆ ನಡೆಯುತ್ತಿರುವಾಗಲೇ ಪಾದಗಳು ನೆಲಕ್ಕೆ ಅಂಟಿಕೊಂಡಂತೆ ನಿಂತುಬಿಡುತ್ತವೆ. ಕಾಲಿನಲ್ಲಿ ಶಕ್ತಿಯಿರುತ್ತದೆ, ಹೊರಡುವ ಇಚ್ಛೆಯೂ ಇರುತ್ತದೆ, ಹೆಜ್ಜೆ ಮಾತ್ರ ಹೊರಡುವುದಿಲ್ಲ. ಅಂತಹ ಹೊತ್ತಿನಲ್ಲಿ ಸಮನಾದ ತಾಳವೊಂದು ಕಿವಿಗೆ ಬಿದ್ದರೆ ಅನೇಕರ ಹೆಜ್ಜೆ ಮತ್ತೆ ಹೊರಡುತ್ತದೆ. ಸಮನಾಗಿ ತಾಳ ಹಾಕುವ ಮೆಟ್ರೊನೋಮ್ ಎಂಬ ಉಪಕರಣವನ್ನು ಅಥವಾ ತಾಳ ಸ್ಪಷ್ಟವಾಗಿರುವ ಸಂಗೀತವನ್ನು ನಡಿಗೆಯ ತರಬೇತಿಯಲ್ಲಿ ಬಳಸುವುದು ಈ ಕಾರಣದಿಂದಲೇ. ಇದು ಕಾಯಿಲೆಯನ್ನು ವಾಸಿಮಾಡುವುದಿಲ್ಲ, ಆದರೆ ತಡೆದ ಚಲನೆಗೆ ಹೊರಗಿನಿಂದ ಒಂದು ಆಸರೆ ಕೊಡುತ್ತದೆ. ಎರಡನೆಯದು ಮಾತಿನ ವಿಷಯ. ಮಿದುಳಿನ ಎಡಭಾಗಕ್ಕೆ ಪೆಟ್ಟಾಗಿ ಮಾತು ಕಳೆದುಕೊಂಡವರಲ್ಲಿ ಕೆಲವರು ತಮಗೆ ಗೊತ್ತಿರುವ ಹಾಡನ್ನು ಪದಗಳ ಸಮೇತ ಹಾಡಬಲ್ಲರು. ಮಾತನಾಡಲಾಗದ ವ್ಯಕ್ತಿಯೊಬ್ಬ ಸ್ತುತಿಗೀತೆಗಳನ್ನು ಹಾಡುತ್ತಿದ್ದುದನ್ನು ಸ್ವೀಡನ್ನಿನ ಓಲೋಫ್ ಡಾಲಿನ್ 1745ರಲ್ಲಿಯೇ ದಾಖಲಿಸಿದ್ದಾನೆ. ಇದೇ ಸಾಮರ್ಥ್ಯವನ್ನು ಆಧರಿಸಿ, ಮಾತನ್ನು ರಾಗದಲ್ಲಿ ಎಳೆದು ಕೈಯಿಂದ ತಾಳ ತಟ್ಟುತ್ತ ಹೇಳಿಸುವ ಚಿಕಿತ್ಸಾಕ್ರಮವೊಂದು 1973ರಲ್ಲಿ ಬಂದಿತು. ಮೊದಲು ಚಿಕಿತ್ಸಕರು ಒಂಟಿಯಾಗಿ ಹಾಡುತ್ತಾರೆ, ಆಮೇಲೆ ಇಬ್ಬರೂ ಕೂಡಿ ಹಾಡುತ್ತಾರೆ, ನಡುವೆ ಚಿಕಿತ್ಸಕರು ದನಿ ತಗ್ಗಿಸಿ ಹಿಂದೆ ಸರಿಯುತ್ತಾರೆ, ಕೊನೆಗೆ ರೋಗಿಯ ದನಿ ಮಾತ್ರ ಉಳಿಯುತ್ತದೆ.

ನನ್ನ ಸಲಹೆ ಇದರಿಂದಲೇ ಹುಟ್ಟಿದ್ದು. ನಿಮ್ಮ ಕರಡಿನಲ್ಲಿ ರೋಗಿ ಸುಮ್ಮನೆ ಮಲಗಿರುತ್ತಾಳೆ, ಎಲ್ಲ ಕೆಲಸವೂ ಹಾಡುಗಾರ್ತಿಯದೇ. ತಂಗಿಗೂ ಹಾಡಿನಲ್ಲಿ ಒಂದು ಪಾಲು ಕೊಡಿ. ಅವಳು ತುಟಿಯಾಡಿಸಬೇಕಾದ ಒಂದು ಜಾಗವಾದರೂ ಅಲ್ಲಿರಲಿ. ದೇಹದ ಕ್ರಮವನ್ನೂ ಗಮನಿಸಿ: ಎದ್ದು ನಡೆಯುವ ಕ್ರಮದಲ್ಲಿಯೇ ಹಾಡು ಅಂಗಗಳನ್ನು ಕರೆದರೆ, ಅಂದರೆ ಹರಡು (ಪಾದದ ಗೆಣ್ಣು), ಮಂಡಿ, ಸೊಂಟ ಎಂದು ಕೆಳಗಿನಿಂದ ಮೇಲಕ್ಕೆ ಹೋದರೆ, ಓದುವವರ ದೇಹಕ್ಕೂ ಅದು ನಿಜವೆನಿಸುತ್ತದೆ.

ಕಣಿವೆಗಾಳಿ:

ಇಲ್ಲಿಯವರೆಗಿನ ಉತ್ತರಗಳು ಹಾಡಿನ ಪಠ್ಯವನ್ನು ಕುರಿತಿವೆ. ಪಠ್ಯದ ಸುತ್ತಲಿನ ಕ್ರಿಯೆಯಿಲ್ಲದೆ ಇಂತಹ ಹಾಡು ಅರ್ಧವೇ ಉಳಿಯುತ್ತದೆ ಎಂಬುದನ್ನು ನಾನು ಸ್ವಲ್ಪ ಒತ್ತಿ ಹೇಳಬೇಕಾಗಿದೆ. ಹಳೆಯೋಲೆಯವರು ಹೇಳಿದ ಕಾಮಾಲೆಯ ಸೂಕ್ತವನ್ನೇ ತೆಗೆದುಕೊಳ್ಳಿ. ಅದನ್ನು ಹೇಗೆ ಬಳಸಬೇಕೆಂದು ಅಥರ್ವವೇದದ ವಿಧಿಗಳನ್ನು ಹೇಳುವ ಕೌಶಿಕಸೂತ್ರ ಎಂಬ ಗ್ರಂಥ ವಿವರಿಸುತ್ತದೆ. ರೋಗಿಯನ್ನು ಕೆಂಪು ಎತ್ತಿನ ಚರ್ಮದ ಮೇಲೆ ಕೂರಿಸುವುದು, ಮಂಚಕ್ಕೆ ಹಳದಿ ಹಕ್ಕಿಗಳನ್ನು ಕಟ್ಟುವುದು ಅಲ್ಲಿನ ವಿಧಿ. ಹಳದಿಯನ್ನು ಹಕ್ಕಿಗಳಲ್ಲಿ ಇಡುತ್ತೇವೆ ಎಂಬ ಮಾತು ಆ ಕೋಣೆಯಲ್ಲಿ ರೂಪಕವಾಗಿರಲಿಲ್ಲ, ಹಕ್ಕಿಗಳು ಅಲ್ಲಿಯೇ ಇದ್ದವು. ನಿಮ್ಮ ಕರೆಗಾರ್ತಿಯ ಕೈಯಲ್ಲಿ ಏನಿದೆ, ಅವಳು ಎಲ್ಲಿ ನಿಂತಿದ್ದಾಳೆ, ರೋಗಿಯನ್ನು ಯಾವುದರ ಮೇಲೆ ಮಲಗಿಸಿದ್ದಾರೆ ಎಂಬುದು ಹಾಡಿನ ಒಳಗೇ ಬರಲಿ.

ಇದಕ್ಕೆ ನನಗೆ ತಿಳಿದಿರುವ ಅತ್ಯುತ್ತಮ ಮಾದರಿ ಪನಾಮದ ಗುನಾ ಜನರ ಮೂ ಇಗಾಲ ಎಂಬ ಹಾಡು. ಕಷ್ಟದ ಹೆರಿಗೆಯ ಸಂದರ್ಭದಲ್ಲಿ ಅದನ್ನು ಹಾಡುತ್ತಾರೆ. ನಿಲ್ಸ್ ಹೋಲ್ಮರ್ ಮತ್ತು ಹೆನ್ರಿ ವಾಸೆನ್ ಅದರ ಪಠ್ಯವನ್ನು 1947ರಲ್ಲಿ ಪ್ರಕಟಿಸಿದರು, ಅದನ್ನು ಆಧರಿಸಿ ಮಾನವಶಾಸ್ತ್ರಜ್ಞ ಕ್ಲೋದ್ ಲೆವಿ-ಸ್ಟ್ರಾಸ್ 1949ರಲ್ಲಿ ಬರೆದ ಪ್ರಬಂಧ ಬಹಳ ಪ್ರಸಿದ್ಧವಾಯಿತು. ಆ ಹಾಡು ದೇವರಿಂದ ಆರಂಭವಾಗುವುದಿಲ್ಲ. ಸೂಲಗಿತ್ತಿ ಗಾಬರಿಯಾಗಿ ಮಂತ್ರವಾದಿಯ ಮನೆಗೆ ಹೋದದ್ದು, ಅವನು ಹೊರಟು ಬಂದದ್ದು, ಗುಡಿಸಲಿನಲ್ಲಿ ಕೋಕೋ ಬೀಜದ ಹೊಗೆ ಹಾಕಿದ್ದು, ಹೀಗೆ ಆಗತಾನೇ ಎಲ್ಲರ ಕಣ್ಣೆದುರು ನಡೆದ ಸಂಗತಿಗಳನ್ನು ಅದು ನಿಧಾನವಾಗಿ ಮತ್ತೆ ಹೇಳುತ್ತದೆ. ಕಣ್ಣಿಗೆ ಕಂಡದ್ದರಿಂದ ಹೊರಟು ಕಣ್ಣಿಗೆ ಕಾಣದ ಪಯಣಕ್ಕೆ ಹೋಗುತ್ತದೆ. ಎಲ್ಲಿ ಗಡಿ ದಾಟಿದೆವು ಎಂದು ಕೇಳುಗರಿಗೆ ತಿಳಿಯುವುದಿಲ್ಲ. ಆ ಹಾಡಿನ ಭಾಷೆ ದಿನಬಳಕೆಯ ಮಾತಿಗಿಂತ ಬೇರೆಯಾದ್ದರಿಂದ ಹೆರಿಗೆಯ ನೋವಿನಲ್ಲಿರುವವಳಿಗೆ ಅದು ಎಷ್ಟು ಅರ್ಥವಾಗುತ್ತದೆ ಎಂಬ ಪ್ರಶ್ನೆಯನ್ನು ಆಮೇಲಿನ ವಿದ್ವಾಂಸರು ಎತ್ತಿದ್ದಾರೆ. ನಿಮ್ಮ ಲೋಕದಲ್ಲಿ ತಂಗಿಗೆ ಹಾಡು ಅರ್ಥವಾಗುತ್ತದೆಯೆ ಎಂಬುದನ್ನು ನೀವೂ ನಿರ್ಧರಿಸಬೇಕು, ಏಕೆಂದರೆ ಅವಳು ಅದರಲ್ಲಿ ಪಾಲುಗೊಳ್ಳಬೇಕಾದರೆ ಅರ್ಥವಾಗಲೇಬೇಕು.

ಎರಡು ಸಣ್ಣ ಎಚ್ಚರಿಕೆಗಳಿವೆ. ಅಮೆರಿಕದ ಮೂಲನಿವಾಸಿಗಳಾದ ನವಾಹೋ ಜನರ, ಒಂಬತ್ತು ರಾತ್ರಿ ನಡೆಯುವ ರೋಗಶಮನದ ವಿಧಿಯಂತಹ ಸಂಪ್ರದಾಯಗಳು ಇಂದಿಗೂ ಜೀವಂತವಾಗಿವೆ, ಅವು ಅವರಿಗೆ ಪವಿತ್ರವಾದವು. ರೋಗಿಯನ್ನು ಕೂರಿಸಿದ ಮರಳಿನ ಚಿತ್ರವನ್ನು ವಿಧಿಯ ಕೊನೆಗೆ ಅವರು ಅಳಿಸಿಬಿಡುತ್ತಾರೆ. ಅಂತಹವುಗಳಿಂದ ಕಲಿಯಬಹುದು, ಸಾಲುಗಳನ್ನೋ ವಿಧಿಗಳನ್ನೋ ಎತ್ತಿ ಕಲ್ಪಿತ ಲೋಕದಲ್ಲಿ ಅಲಂಕಾರವಾಗಿ ಇಡುವುದು ಸರಿಯಲ್ಲ. ಇನ್ನೊಂದು, ಹಾಡುವವಳಿಗೆ ಸಲ್ಲುವ ಪ್ರತಿಫಲ. ಋಗ್ವೇದದ ಹತ್ತನೆಯ ಮಂಡಲದ 97ನೆಯ ಸೂಕ್ತದಲ್ಲಿ ಗಿಡಮೂಲಿಕೆಗಳನ್ನು ಸ್ತುತಿಸುವ ವೈದ್ಯ ತನಗೆ ಕುದುರೆ, ಹಸು, ವಸ್ತ್ರ ದೊರೆಯಲಿ ಎಂದು ಸಂಕೋಚವಿಲ್ಲದೆ ಹೇಳುತ್ತಾನೆ. ಕರೆಗಾರ್ತಿಗೆ ಏನು ಸಲ್ಲುತ್ತದೆ, ಹಾಡು ಫಲಿಸದಿದ್ದರೆ ಹೊಣೆ ಯಾರದು ಎಂಬುದು ಗೊತ್ತಾದರೆ ಅವಳು ನಿಜವಾದ ಹೆಂಗಸಾಗುತ್ತಾಳೆ.

ಮಸಿಕುಡಿಕೆ:

ಎಲ್ಲರಿಗೂ ಮನಃಪೂರ್ವಕ ವಂದನೆಗಳು. ನಿಲುಬೇನೆ ಎಂದರೆ ಏನು ಎಂಬ ಪ್ರಶ್ನೆಯನ್ನು ಮುಂದಿಟ್ಟುಕೊಂಡು ಕುಳಿತಾಗ ದೊರೆತ ಉತ್ತರ ಇದು. ಇಮ್ಮೊಗೆಯ ಜನರ ನಂಬಿಕೆಯಂತೆ ಲೋಕದ ಪ್ರತಿಯೊಂದು ಜೀವಿಯೂ ಇಳಿನೀರಿನ ಮಗು ಅಥವಾ ಏರುನೀರಿನ ಮಗು. ನಡುನೀರಿನಲ್ಲಿ ಹುಟ್ಟಿದ ಒಂದು ಕೂಸು ಮಾತ್ರ ಯಾರಿಗೂ ಸೇರದೆ ಉಳಿಯಿತು. ತಾಯಿಯಿಲ್ಲದ ಆ ಕೂಸು ದಾರಿಯಲ್ಲಿ ಸಿಕ್ಕವರ ಕಾಲನ್ನು ಅಪ್ಪಿಕೊಳ್ಳುತ್ತದೆ. ಅಪ್ಪಿಕೊಂಡ ಕಾಲು ನಿಲ್ಲುತ್ತದೆ. ಅದನ್ನು ಅಟ್ಟಲು ನನಗೆ ಮನಸ್ಸು ಬರಲಿಲ್ಲ. ಆದ್ದರಿಂದ ಹಾಡು ಅದಕ್ಕೊಬ್ಬ ತಾಯಿಯನ್ನು ಹುಡುಕಿಕೊಡುತ್ತದೆ. ಮೊದಲ ಎಂಟು ಸಾಲುಗಳು ಐದು ಮಾತ್ರೆಯ ಗಣಗಳಲ್ಲಿವೆ, ಆಮೇಲಿನವು ಮೂರರಲ್ಲಿವೆ.

ಕಾಲಿಟ್ಟೆ ನಡುನೀರ ಕೆಸರಿನಂಚಿನ ಮೇಲೆ,
ತಂದಿರುವರಿವಳನ್ನು ಬಿದಿರ ತಟ್ಟಿಯ ಮೇಲೆ.
ನಿಂತಿಹುದು ಬಲಗಾಲು, ನಿಂತಿಹುದು ಎಡಗಾಲು,
ನಿಂತಿಹುದು ನಾಲಗೆಯ ತುದಿಯಲ್ಲಿ ಹೆಸರೊಂದು.
ನಿಲುಬೇನೆ, ನಿನ್ನ ಹುಟ್ಟನು ಬಲ್ಲೆ, ಕೇಳಿಲ್ಲಿ:
ಎರಡು ನೀರಿನ ನಡುವೆ ಹೊಕ್ಕುಳಿಲ್ಲದ ಕೂಸೆ,
ಇಳಿನೀರು ನನ್ನದಲ್ಲೆಂದು ಸಾಗಿತು ದಾಟಿ,
ಏರುನೀರಿನ್ನು ಬರಲಿಲ್ಲ ನಿನ್ನೆತ್ತಲಿಕೆ.

ನೀರು ತಿರುಗಿತೇಳು ಕಾಲೆ,
ಹೆಜ್ಜೆ ಹಿಂದೆ ಹೆಜ್ಜೆ ಬರಲಿ;
ಹರಡು ಹೊರಳಲದರ ಹಿಂದೆ
ಮಂಡಿ ಮಡಿಸಲದರ ಹಿಂದೆ
ಹೆಸರು ಹರಿದು ಬರಲಿ ಹೊರಗೆ.
ತಾಯಿ ಬಂದಳೇರು ಮಡಿಲ,
ಕೂಸೆ, ಹೋಗು ಅವಳ ಜೊತೆಗೆ.

ತಂಗಿಗೆ ಹಾಡು ಅರ್ಥವಾಗುತ್ತದೆ ಎಂದು ನಿರ್ಧರಿಸಿದ್ದೇನೆ. ಹಾಡು ಫಲಿಸದಿದ್ದರೆ ಏನಾಗಬೇಕು ಎಂಬುದು ಮಾತ್ರ ಇನ್ನೂ ಸ್ಪಷ್ಟವಾಗಿಲ್ಲ.

ಮಾತ್ರೆಗಣ:

ಪ್ರತಿ ಸಾಲಿಗೂ ಪ್ರಸ್ತಾರ ಹಾಕಿ ನೋಡಿದೆ, ಗಣಗಳು ಎಲ್ಲಿಯೂ ಮುರಿದಿಲ್ಲ. ‘ಎರಡು ನೀರಿನ ನಡುವೆ ಹೊಕ್ಕುಳಿಲ್ಲದ ಕೂಸೆ’ ಎಂಬ ಸಾಲಿನ ಮುಂದೆ ನಾನು ಬಹಳ ಹೊತ್ತು ನಿಂತೆ. ಅದನ್ನು ಯಾವ ಕಾರಣಕ್ಕೂ ಬದಲಿಸಬೇಡಿ. ಮೊದಲ ಎರಡು ಸಾಲುಗಳು ‘ಮೇಲೆ’ ಎಂದೇ ಮುಗಿಯುವುದು ಒಳ್ಳೆಯದೇ, ಏಕೆಂದರೆ ನಿಂತ ನೀರಿಗೆ ತಕ್ಕಂತೆ ಅಲ್ಲಿ ಸಾಲೂ ಮುಂದೆ ಸರಿಯದೆ ನಿಲ್ಲುತ್ತದೆ. ಎರಡನೆಯ ಭಾಗದಲ್ಲಿ ‘ಅದರ ಹಿಂದೆ’ ಎಂಬುದು ಒಂದು ಸಾಲನ್ನು ಇನ್ನೊಂದಕ್ಕೆ ಕೊಂಡಿ ಹಾಕುತ್ತ ಹೋಗುವುದರಿಂದ ಉಸಿರು ನಿಲ್ಲಲು ಜಾಗವೇ ಸಿಗುವುದಿಲ್ಲ. ಸೊಂಟವೊಂದು ಬಿಟ್ಟುಹೋಗಿದೆ. ‘ಸೊಂಟ ತಿರುಗಲದರ ಹಿಂದೆ’ ಎಂದು ಮಂಡಿಯ ಬಳಿಕ ಸೇರಿಸಿದರೆ ಮಾತ್ರೆಗಳು ಸರಿಹೋಗುತ್ತವೆ, ನಡಿಗೆಪಾಠದವರು ಹೇಳಿದ ಕ್ರಮವೂ ಪೂರ್ಣವಾಗುತ್ತದೆ.

ಹಳೆಯೋಲೆ:

ಈಗ ಇದು ಇಮ್ಮೊಗೆಯ ಹಾಡು. ಜ್ವರವನ್ನು ದೂರದ ಜನರ ಮೇಲೆ ಅಟ್ಟುವ ಹಳೆಯ ಸೂಕ್ತವನ್ನು ನಾನೇ ಉದಾಹರಿಸಿದ್ದೆ. ನಿಮ್ಮ ಜನ ರೋಗವನ್ನು ಮಡಿಲಿಗೆ ಹಾಕುತ್ತಾರೆ. ಅವರು ಎಂತಹ ಜನ ಎಂಬುದು ನನಗೆ ಇದೊಂದರಿಂದಲೇ ತಿಳಿಯಿತು.

ನೀವು ಕೊನೆಯಲ್ಲಿ ಎತ್ತಿರುವ ಪ್ರಶ್ನೆಗೆ ಉತ್ತರ ನಾಲ್ಕನೆಯ ಸಾಲಿನಲ್ಲಿಯೇ ಸಿಗಬಹುದು. ನಾಲಗೆಯ ತುದಿಯಲ್ಲಿ ನಿಂತಿರುವ ಆ ಹೆಸರು ಯಾರದು? ತಂಗಿಯದೇ ಆಗಿದ್ದರೆ, ‘ಹೆಸರು ಹರಿದು ಬರಲಿ ಹೊರಗೆ’ ಎಂಬಲ್ಲಿ ಕರೆಗಾರ್ತಿ ಹಾಡನ್ನು ನಿಲ್ಲಿಸಬೇಕು, ತಂಗಿ ತನ್ನ ಹೆಸರನ್ನು ತಾನೇ ಹೇಳಬೇಕು, ಅದಾದ ಮೇಲೆಯೇ ಕೊನೆಯ ಎರಡು ಸಾಲುಗಳನ್ನು ಹಾಡಲು ಕರೆಗಾರ್ತಿಗೆ ಅಧಿಕಾರ ಬರಬೇಕು. ತಂಗಿಯ ಬಾಯಿಯಿಂದ ಹೆಸರು ಬರದಿದ್ದರೆ ಹಾಡು ಮುಗಿದಂತಾಗುವುದಿಲ್ಲ. ಕೂಸಿಗೆ ತಾಯಿ ಬಂದಿದ್ದಾಳೆ ಎಂದು ಹೇಳುವವರು ಯಾರೂ ಇಲ್ಲದ್ದರಿಂದ ಅದು ಅಲ್ಲಿಯೇ ಉಳಿಯುತ್ತದೆ. ಮುಗಿಯದ ಹಾಡನ್ನು ಹೊತ್ತವಳು ಮುಂದಿನ ನಡುನೀರಿನವರೆಗೆ ಬೇರೆ ಯಾರಿಗೂ ಹಾಡುವಂತಿಲ್ಲ ಎಂಬ ಕಟ್ಟಳೆಯನ್ನು ಇಟ್ಟುನೋಡಿ. ಊರಿನಲ್ಲಿ ಇನ್ನೂ ಇಬ್ಬರು ರೋಗಿಗಳಿದ್ದು, ಹಾಡುವವಳು ಒಬ್ಬಳೇ ಆಗಿದ್ದರೆ, ಹಾಡು ಫಲಿಸದಿದ್ದಾಗಿನ ಹೊಣೆ ಯಾರದೆಂಬ ಕಣಿವೆಗಾಳಿಯವರ ಪ್ರಶ್ನೆ ಇಡೀ ಊರಿನ ಪ್ರಶ್ನೆಯಾಗುತ್ತದೆ. ಮೊದಲು ಯಾರಿಗೆ ಹಾಡಬೇಕು ಎಂಬ ಜಗಳದಿಂದಲೇ ನಿಮ್ಮ ಪ್ರಕರಣವನ್ನು ಆರಂಭಿಸಬಹುದು.